ಎಲ್ಲಕ್ಕೂ ಹೌದು

ಚೌಬಾರದ ಹಿಂದಿನ ಗಲ್ಲಿಯೊಳಗೆ ನನ್ನ ಅಂಗಡಿ:
ಒಂದು ಜೆರಾಕ್ಸು, ಒಂದು ಕಂಪ್ಯೂಟರು,
ಲ್ಯಾಮಿನೇಶನ್ನಿನ ಬಿಸಿ ವಾಸನೆ.
ಸಂಜೆ ಚಾಂದಸಾಬರು ಬಂದರು, ಕೈಯಲ್ಲಿ ಮಡಿಸಿದ ಚೀಟಿ.
ಮೊಮ್ಮಗಳು ಶಬೀನಾ ಹೊಲಿಗೆ ಅಂಗಡಿ ತೆಗೀತಾಳ,
ಕಾರ್ಡು ಬೇಕು, ನೂರೈವತ್ತು,
ಮೇಲೆ ಕನ್ನಡ, ಕೆಳಗೆ ಉರ್ದು.

ಕನ್ನಡದ ಪ್ರೋಗ್ರಾಮಿನ ಮೇಲೆ ಎರಡು ಸಲ ಒತ್ತಿದೆ.
ಬಿಳಿ ಚೌಕವೊಂದು ಎದ್ದು ನಿಂತಿತು:
ಲಿಪಿಜೋಡು ಡಾಟ್ ಡಿಎಲ್‌ಎಲ್ ಸಿಗುತ್ತಿಲ್ಲ.
ಕೆಳಗೆ ಓಕೆ ಅಂತ ಒಂದೇ ಗುಂಡಿ.
ಓಕೆ ಅನ್ನುವಂಥದ್ದು ಏನೂ ಇರಲಿಲ್ಲ.

ನಿನ್ನೆ ತನಕ ನಡೆದಿತ್ತು. ನಿನ್ನೆ ಮಧ್ಯಾಹ್ನ
ಹುಡುಗ ಘಾಳೆಪ್ಪ ಜಾಗ ಖಾಲಿ ಮಾಡಿದ್ದ.
"ಉರ್ದುದ್ದು ತೆಗದೀನ್ರಿ ಅಕ್ಕ. ಮುನೀರಾ ಆಪಾ
ಜಹೀರಾಬಾದಿಗೆ ಹೋಗಿ ನಾಕು ವರ್ಷಾತು,
ಯಾರು ಮುಟ್ತಾರ ಅದಕ್ಕ?
ನಡುವ ಏನೋ ಕೇಳ್ತು:
ಈ ಫೈಲು ಬ್ಯಾರೆಯವರೂ ಬಳಸ್ತಿರಬಹುದು, ತೆಗೀಲೇನು ಅಂತ.
ಹೌದು. ಬ್ಯಾಡ. ಎಲ್ಲಕ್ಕೂ ಹೌದು.
ಘಡಿಗೊಮ್ಮೆ ಯಾರು ಒತ್ತಬೇಕಂತ
ಎಲ್ಲಕ್ಕೂ ಹೌದು ಒತ್ತಿದೆ."

ಬೈಯಲು ಬಾಯಿ ತೆರೆದೆ. ಮುಚ್ಚಿದೆ.
ನನಗಾದರೂ ಗೊತ್ತಿತ್ತೇ,
ಬಲದಿಂದ ಎಡಕ್ಕೆ ಹೋಗುವ ಆಪಾರ ಸಾಲೂ
ಎಡದಿಂದ ಬಲಕ್ಕೆ ಬರುವ ನನ್ನ ಒತ್ತಕ್ಷರವೂ
ಒಂದೇ ಫೈಲಿನ ಹೆಗಲೇರಿ ಕೂತಿದ್ದವೆಂದು?
ನನ್ನದೇ ಅಂದುಕೊಂಡ ಕನ್ನಡದೊಳಗೆ
ಅರ್ಧ ಸಾಮಾನು ಕಡ ತಂದದ್ದು.

ಚಾಂದಸಾಬರು ಸ್ಟೂಲಿನ ಮೇಲೆ ಕೂತು ಪರದೆಯನ್ನೇ ನೋಡಿದರು.
"ಏನ್ ಕಳದದ ಬೇಟಿ?"
ಒಂದು ಫೈಲು, ಅಂದೆ. ಹತ್ತು ಪ್ರೋಗ್ರಾಮು ಕೂಡಿ ಇಟ್ಟುಕೊಂಡದ್ದು.
ತಮ್ಮ ತಮ್ಮ ಮನೆಯಲ್ಲಿ ಇಟ್ಟರೆ ಜಾಗ ಸಾಲದು,
ಬೇಕಾದಾಗ ಅದರ ಬಾಗಿಲಿಗೇ ಹೋಗಿ ಕೇಳುತ್ತಾವೆ.
"ಕರೇಜ್ ಇದ್ದಂಗ," ಅಂದರು.
ಹರೆಯದಲ್ಲಿ ಹೂಳು ತೆಗೆಯಲು ಇಳಿದವರು,
ಸೊಂಟಕ್ಕೆ ಹಗ್ಗ, ಕೈಯಲ್ಲಿ ಕಂದೀಲು.
"ಮ್ಯಾಲಿಂದ ನೋಡಿದ್ರ ಬ್ಯಾರೆ ಬ್ಯಾರೆ ಬಾವಿ.
ಕೆಳಗ ಒಂದೇ ಸುರಂಗ, ಒಂದೇ ನೀರು.
ಇಲ್ಲಿ ಬತ್ತಿದ್ರ ಇಲ್ಲಿ ಅಗೀಬಾರದು.
ಮ್ಯಾಲಕ್ಕ ಹೋಗಿ ನೋಡಬೇಕು, ಯಾರು ಮಣ್ಣು ಚೆಲ್ಯಾರ."

ನಾನು ಇಲ್ಲೇ ಅಗೆದೆ.
ಇಂಟರ್ನೆಟ್ಟಿನಲ್ಲಿ ಪುಕ್ಕಟೆ ಕೊಡುವವನೊಬ್ಬನಿಂದ
ಅದೇ ಹೆಸರಿನದೊಂದು ಇಳಿಸಿಕೊಂಡೆ.
ಹೆಸರೇನೋ ಅಕ್ಷರಕ್ಕೆ ಅಕ್ಷರ ಅದೇ;
ಕಳೆದದ್ದು ಮೂವತ್ತೆರಡರದು, ಬಂದದ್ದು ಅರವತ್ನಾಲ್ಕರದು.
ಪಾವಿನ ಡಬ್ಬಿಗೆ ಸೇರಿನ ಮುಚ್ಚಳ.
ಆಂಟಿವೈರಸ್ಸು ಬೇರೆ ಕೆಂಪಗೆ ಕಿರುಚಿತು.
ಅಳಿಸಿದೆ.

ಜಹೀರಾಬಾದಿಗೆ ಫೋನು.
"ಜಗದೇವಿ! ಬೀದ್ಯಾಗ ಸಿಕ್ಕ ಬಿಡಿ ಫೈಲು ಮನಿಗೆ ತರ್ತಾರೇನು?
ಮೊದಲು ಅದನ್ನ ಯಾರು ತಂದಿದ್ರೋ ಅವರನ್ನೇ ಕರಿ.
ಸೀಡಿ ಅದ ನೋಡು, ಟೋನರ್ ಡಬ್ಬಿ ಕೆಳಗ,
ಹಳೇ ಕ್ಯಾಲೆಂಡರಿನ್ಯಾಗ ಸುತ್ತಿಟ್ಟೀನಿ."
ಇತ್ತು.
ಗೀರು ಬಿದ್ದಿತ್ತು, ಆದರೂ ಡ್ರೈವು
ಗುರ್ ಗುರ್ ಎಂದು ಗೊಣಗಿ ಒಪ್ಪಿಕೊಂಡಿತು.
ಉರ್ದು ಬಂದು ಕೂತಿತು.
ಅದರ ಹಿಂದೆಯೇ, ಒಮ್ಮೆ ಒತ್ತಿದ್ದಕ್ಕೆ,
ಏನೂ ಆಗಿಲ್ಲವೆಂಬಂತೆ ಕನ್ನಡ ತೆರೆಯಿತು.

ಮೇಲಿನ ಅರ್ಧ ನಾನು ಹೊಡೆದೆ.
ಕೆಳಗಿನ ಅರ್ಧಕ್ಕೆ ಆಪಾ ಫೋನಿನಲ್ಲಿ
ಒಂದೊಂದೇ ಕೀ ಹೇಳುತ್ತ ಹೋದರು.
ನನಗೆ ಓದಲು ಬಾರದ ಸಾಲು
ನನ್ನದೇ ಬೆರಳಿನಡಿ ಬಲಗಡೆಯಿಂದ ಬೆಳೆಯಿತು.

ಮೊದಲ ಪ್ರತಿಯನ್ನು ಚಾಂದಸಾಬರು
ಟ್ಯೂಬ್‌ಲೈಟಿಗೆ ಹಿಡಿದು ನೋಡಿದರು.
"ಮ್ಯಾಲ ಮೂರು ಚುಕ್ಕಿ ಇಲ್ಲ.
ನನ್ನ ಶಬೀನಾ ಇಲ್ಲಿ ಸಬೀನಾ ಆಗ್ಯಾಳ."
ಆಮೇಲೆ, ಕನ್ನಡಕ ಇಳಿಸಿ,
"ಇವನ್ನೂ ಘಾಳೆಪ್ಪ ತೆಗದಾನೇನು?"

ಘಾಳೆಪ್ಪ ಚಹಾ ತರುತ್ತೇನೆಂದು ಎದ್ದು ಓಡಿದ.
ಆಪಾ ಇನ್ನೂ ಫೋನಿನಲ್ಲೇ ಇದ್ದರು.